ರೈನ್ ನದಿಯ ಮೂಲದಲ್ಲೊಂದು ದೇಶ, ಮುಖದಲ್ಲೊಂದು ದೇಶ



ಪರದೇಶಗಳ ರಾಜ್ಯವ್ಯವಸ್ಥೆಯನ್ನು ಕುರಿತು ವರ್ಷಕ್ಕೊಮ್ಮೆಯಾದರೂ ಕನ್ನಡದಲ್ಲಿ ಗಂಭೀರವಾದ ವಿಚಾರ ನಡೆಯಬೇಕೆಂಬುದು ಈ ಉಪನ್ಯಾಸದ ದತ್ತಿಯನ್ನು ಸ್ಥಾಪಿಸಿದ ಮಹನೀಯರ ಅಪೇಕ್ಷೆ. ಆ ಅಪೇಕ್ಷೆಗೆ ತಕ್ಕಂತೆ ನಾನು ಈ ದಿನ ಯೂರೋಪಿನ ಎರಡು ಸಣ್ಣ ದೇಶಗಳನ್ನು ತಮ್ಮ ಮುಂದೆ ಜೊತೆಗಿರಿಸಿ ನೋಡಲು ಬಯಸುತ್ತೇನೆ. ಅವು ಸ್ವಿಟ್ಜರ್ಲೆಂಡ್ ಮತ್ತು ನೆದರ್ಲೆಂಡ್ಸ್. ಮೊದಲನೆಯದರ ವಿಸ್ತೀರ್ಣ 41,285 ಚದರ ಕಿಲೋಮೀಟರು. ಎರಡನೆಯದರದು, ಜಲಭಾಗವನ್ನೂ ಸೇರಿಸಿಕೊಂಡರೆ, ಸುಮಾರು 41,500. ಎರಡನ್ನೂ ಕೂಡಿಸಿದರೂ ನಮ್ಮ ಕರ್ನಾಟಕದ ಅರ್ಧದಷ್ಟಾಗುವುದಿಲ್ಲ. ಗಾತ್ರದಲ್ಲಿ ಇಷ್ಟು ಸಮಾನವಾಗಿರುವ ಈ ದೇಶಗಳು ನೆಲದ ಸ್ವರೂಪದಲ್ಲಿ ಒಂದಕ್ಕೊಂದು ತೀರ ವಿರುದ್ಧ. ಸ್ವಿಟ್ಜರ್ಲೆಂಡಿನ ಅತ್ಯುನ್ನತ ಶಿಖರ 4,634 ಮೀಟರು; ಅಲ್ಲಿನ ಅತ್ಯಂತ ತಗ್ಗಾದ ಸ್ಥಳವೂ ಸಮುದ್ರಕ್ಕಿಂತ 193 ಮೀಟರು ಮೇಲಿದೆ. ನೆದರ್ಲೆಂಡ್ಸಿನ ಒಳನಾಡಿನ ಗುಡ್ಡಗಳಲ್ಲಿ ಎಲ್ಲಕ್ಕಿಂತ ಎತ್ತರವಾದುದು 322 ಮೀಟರು; ಆ ದೇಶದ ಕಾಲುಭಾಗಕ್ಕಿಂತ ಹೆಚ್ಚು ನೆಲ ಸಮುದ್ರಮಟ್ಟಕ್ಕಿಂತ ಕೆಳಗಿದೆ.

ಇವೆರಡನ್ನೂ ಕಟ್ಟಿಹಾಕಿರುವ ಸೂತ್ರ ಒಂದು ನದಿ. ಗ್ರಾವ್‌ಬ್ಯುಂಡೆನ್ ಪ್ರಾಂತದಲ್ಲಿ, ಒಬರಾಲ್ಪ್ ಘಟ್ಟದ ಬಳಿ, 2,345 ಮೀಟರ್ ಎತ್ತರದಲ್ಲಿ ತೋಮಾ ಎಂಬ ಪುಟ್ಟ ಸರೋವರವುಂಟು. ಅದನ್ನು ರೈನ್ ನದಿಯ ಉಗಮವೆಂದು ಎಣಿಸುತ್ತಾರೆ. ಅಲ್ಲಿಂದ ಇಳಿದ ನೀರು ಕಾನ್‌ಸ್ಟೆನ್ಸ್ ಸರೋವರವನ್ನು ಹೊಕ್ಕು ಹೊರಟು, ಶಾಫ್‌ಹೌಸೆನ್ನಿನಲ್ಲಿ 23 ಮೀಟರು ಧುಮುಕಿ, ಬಾಸೆಲ್ ನಗರದಲ್ಲಿ ಉತ್ತರಕ್ಕೆ ತಿರುಗಿ, ಫ್ರಾನ್ಸ್ ಜರ್ಮನಿಗಳ ಮಧ್ಯೆ ಹಾದು, ಕೊನೆಗೆ ಲೋಬಿತ್ ಎಂಬ ಹಳ್ಳಿಯ ಹತ್ತಿರ ನೆದರ್ಲೆಂಡ್ಸನ್ನು ಪ್ರವೇಶಿಸುತ್ತದೆ. ಅಲ್ಲಿಂದ ಮುಂದೆ ಅದಕ್ಕೆ ತನ್ನ ಹೆಸರನ್ನು ಉಳಿಸಿಕೊಳ್ಳುವುದೂ ಕಷ್ಟ. ಕವಲೊಡೆದು, ತನ್ನ ನೀರಿನ ಮೂರರಲ್ಲಿ ಎರಡು ಪಾಲನ್ನು ವಾಲ್ ಎಂಬ ಶಾಖೆಗೆ ಒಪ್ಪಿಸಿ, ಮ್ಯೂಸ್ ನದಿಯ ನೀರಿನೊಡನೆ ಬೆರೆತು, ಸುಮಾರು 1,230 ಕಿಲೋಮೀಟರ್ ಪಯಣದ ತುದಿಯಲ್ಲಿ ಅದು ಉತ್ತರ ಸಮುದ್ರವನ್ನು ಸೇರುತ್ತದೆ. ಆಲ್ಪ್ಸ್ ಪರ್ವತಗಳು ಸವೆದು ಬಂದ ಮಣ್ಣು ಆ ಅಳಿವೆಯ ನೆಲದಲ್ಲಿ ಸಹಸ್ರಾರು ವರ್ಷಗಳಿಂದ ಬೆರೆತಿದೆ.

ಒಂದು ಜನಾಂಗವು ತನ್ನನ್ನು ತಾನು ಆಳಿಕೊಳ್ಳುವ ರೀತಿಯು ಅದರ ರಾಜ್ಯಾಂಗಗ್ರಂಥದಲ್ಲಿ ಹುಟ್ಟುವುದಕ್ಕಿಂತ ಬಹಳ ಮುಂಚೆ, ನೆರೆಹೊರೆಯವರೊಡನೆ ಸೇರಿ ಮಾಡಲೇಬೇಕಾಗಿದ್ದ ಕೆಲಸಗಳಲ್ಲಿ ಹುಟ್ಟಿರುತ್ತದೆಂಬುದು ನನ್ನ ನಂಬಿಕೆ. ಅದನ್ನು ಪರೀಕ್ಷಿಸಲು ಇವೆರಡಕ್ಕಿಂತ ತಕ್ಕ ದೇಶಗಳನ್ನು ನಾನು ಕಾಣೆ.

ಮೊದಲು ಪರ್ವತದ ಕಡೆಗೆ ನೋಡೋಣ. ವಾಲೇ ಪ್ರಾಂತದಲ್ಲಿ ಟೋರ್ಬೆಲ್ ಎಂಬ ಹಳ್ಳಿಯಿದೆ. ಅಲ್ಲಿಯ ರೈತರು 1483ರಲ್ಲಿ ತಮ್ಮ ಮೇಲುಗಾಡಿನ ಹುಲ್ಲುಗಾವಲನ್ನು ನೋಡಿಕೊಳ್ಳುವುದಕ್ಕಾಗಿ ಒಂದು ಸಂಘವನ್ನು ಕಟ್ಟಿಕೊಂಡು ಅದನ್ನು ಬರಹಕ್ಕಿಳಿಸಿದರು. 1517ರಲ್ಲಿ ಅವರು ಮಾಡಿಕೊಂಡ ನಿಯಮವೊಂದು ಇಂದಿಗೂ ವಿದ್ವಾಂಸರ ಗಮನವನ್ನು ಸೆಳೆಯುತ್ತಿದೆ: ಚಳಿಗಾಲದಲ್ಲಿ ತನ್ನ ಕೊಟ್ಟಿಗೆಯ ಮೇವಿನಿಂದ ಎಷ್ಟು ಹಸುಗಳನ್ನು ಸಾಕಬಲ್ಲನೋ, ಬೇಸಗೆಯಲ್ಲಿ ಅಷ್ಟು ಹಸುಗಳನ್ನು ಮಾತ್ರ ಒಬ್ಬನು ಸಾರ್ವಜನಿಕ ಗೋಮಾಳಕ್ಕೆ ಅಟ್ಟತಕ್ಕದ್ದು. ಹಣವಂತನು ಹೊರಗಿನಿಂದ ದನಗಳನ್ನು ಕೊಂಡುತಂದು ಊರಿನ ಹುಲ್ಲನ್ನೆಲ್ಲ ತಾನೇ ಮೇಯಿಸಿಕೊಳ್ಳುವ ದಾರಿಯನ್ನು ಈ ಒಂದೇ ವಾಕ್ಯ ಮುಚ್ಚಿತು. ಬಡವನ ಎರಡು ಹಸುಗಳಿಗೆ ಹಕ್ಕಿನ ಜಾಗ ದೊರೆಯಿತು. 2009ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಪ್ರಶಸ್ತಿ ಪಡೆದ ಎಲಿನೋರ್ ಆಸ್ಟ್ರಮ್ ಅವರು ಸಾರ್ವಜನಿಕ ಸಂಪತ್ತನ್ನು ಜನರೇ ಕಾಪಾಡಿಕೊಳ್ಳಬಲ್ಲರೆಂದು ವಾದಿಸಿದಾಗ ಈ ಹಳ್ಳಿಯನ್ನು ನಿದರ್ಶನವಾಗಿ ಎತ್ತಿಕೊಂಡರು.

ಸ್ವಿಸ್ ಒಕ್ಕೂಟದ ಹುಟ್ಟೂ ಇಂಥ ನೆರೆಹೊರೆಯ ಒಪ್ಪಂದದಿಂದಲೇ. ಹದಿಮೂರನೆಯ ಶತಮಾನದ ಆದಿಭಾಗದಲ್ಲಿ ಷೋಲೆನೆನ್ ಎಂಬ ಭಯಂಕರವಾದ ಕಮರಿಗೆ ಸೇತುವೆ ಬಿದ್ದು ಗೊಟ್ಟಾರ್ಡ್ ಘಟ್ಟದ ದಾರಿ ತೆರೆಯಿತು. ಇಟಲಿಗೂ ಜರ್ಮನಿಗೂ ನಡುವಣ ವ್ಯಾಪಾರ ಆ ದಾರಿಯಲ್ಲಿ ಹರಿಯತೊಡಗಿದೊಡನೆ, ಅದುವರೆಗೆ ಯಾರೂ ಕಣ್ಣೆತ್ತಿ ನೋಡದಿದ್ದ ದನಗಾಹಿಗಳ ಕಣಿವೆಗಳು ರಾಜವಂಶಗಳ ಆಶೆಗೆ ಗುರಿಯಾದವು. 1231ರಲ್ಲಿ ಊರಿ ಕಣಿವೆಯ ಜನ, ನಡುವೆ ಯಾವ ಸಾಮಂತನೂ ಇಲ್ಲದೆ ನೇರವಾಗಿ ಪವಿತ್ರ ರೋಮನ್ ಸಾಮ್ರಾಜ್ಯಕ್ಕೆ ಅಧೀನರೆಂಬ ಪತ್ರವನ್ನು ಪಡೆದರು. 1291ರಲ್ಲಿ ಊರಿ, ಷ್ವೀಟ್ಸ್, ಉಂಟರ್‌ವಾಲ್ಡನ್ ಎಂಬ ಮೂರು ಕಣಿವೆಗಳವರು ಪರಸ್ಪರ ನೆರವಿಗೆ ಬರುವುದಾಗಿಯೂ, ಹೊರಗಿನ ನ್ಯಾಯಾಧೀಶನನ್ನು ಒಪ್ಪುವುದಿಲ್ಲವೆಂಬುದಾಗಿಯೂ ಪ್ರತಿಜ್ಞೆ ಮಾಡಿದರು. 1315ರಲ್ಲಿ ಮಾರ್ಗಾರ್ಟೆನ್ನಿನಲ್ಲಿ ಹ್ಯಾಬ್ಸ್‌ಬರ್ಗ್ ರಾಜವಂಶದ ಸೈನ್ಯವನ್ನು ಇಕ್ಕಟ್ಟಾದ ದಾರಿಯಲ್ಲಿ ಅಡ್ಡಗಟ್ಟಿ ಹೊಡೆದು ಆ ಪ್ರತಿಜ್ಞೆಗೆ ಬೆಲೆ ತಂದುಕೊಂಡರು. ಮುಂದೆ ಒಂದೊಂದಾಗಿ ಸೇರಿದ ನಗರಗಳೂ ಕಣಿವೆಗಳೂ ತಂತಮ್ಮ ಕಾನೂನು, ನಾಣ್ಯ, ಮತ, ಭಾಷೆಗಳನ್ನು ತಾವೇ ಉಳಿಸಿಕೊಂಡವು.

ಈಗ ನದಿಯ ಮುಖಕ್ಕೆ ಬರೋಣ. ಅಘನಾಶಿನಿಯ ಅಳಿವೆಯಲ್ಲಿ ಗಜನಿ ಗದ್ದೆಗಳನ್ನು ಕಂಡವರಿಗೆ, ಉಪ್ಪುನೀರು ನುಗ್ಗದಂತೆ ಕಟ್ಟಿದ ಏರಿಯ ಒಳಗೆ ಕಗ್ಗದ ಭತ್ತ ಬೆಳೆಯುವ ಊರವರಿಗೆ, ನೆದರ್ಲೆಂಡ್ಸಿನ ಡಚ್ ಜನರ ಕಥೆ ವಿವರಿಸದೆಯೇ ಅರ್ಥವಾಗುತ್ತದೆ. ಏರಿ ಎಲ್ಲಿ ಒಡೆದರೂ ಗದ್ದೆ ಎಲ್ಲರದೂ ಹೋಗುತ್ತದೆ. ಡಚ್ ರೈತನು ಮೊದಲು ಮಣ್ಣಿನ ದಿಬ್ಬಗಳನ್ನು ಎತ್ತಿ ಅವುಗಳ ಮೇಲೆ ಮನೆ ಕಟ್ಟಿದನು. ಆಮೇಲೆ ದಿಬ್ಬದಿಂದ ದಿಬ್ಬಕ್ಕೆ ಏರಿ ಹಾಕಿದನು. ಏರಿಗೆ ತೂಬು ಇಟ್ಟನು. ಹದಿನೈದನೆಯ ಶತಮಾನದಿಂದೀಚೆಗೆ ಗಾಳಿಯ ಗಿರಣಿಯನ್ನು ಹೂಡಿ ನೀರನ್ನು ಎತ್ತಿ ಹೊರಗೆ ಚೆಲ್ಲಿದನು. ಈ ಕೆಲಸಕ್ಕಾಗಿಯೇ ಹುಟ್ಟಿದ ಜಲಮಂಡಳಿಗಳು ಆ ದೇಶದ ಅತ್ಯಂತ ಪುರಾತನವಾದ ಸ್ವಯಮಾಡಳಿತ ಸಂಸ್ಥೆಗಳು. ರೈನ್‌ಲ್ಯಾಂಡ್ ಮಂಡಳಿಯ ಉಲ್ಲೇಖ 1255ರಷ್ಟು ಹಿಂದಿನದು. ದೇಶ ಹುಟ್ಟುವುದಕ್ಕೆ ಮೂರು ಶತಮಾನಗಳ ಹಿಂದೆ ಅದರ ಏರಿಗಳನ್ನು ಕಾಯುವ ಸಭೆ ಹುಟ್ಟಿತ್ತು. ಅಂಥ 21 ಮಂಡಳಿಗಳು ಇಂದೂ ತಮ್ಮದೇ ಚುನಾವಣೆ ನಡೆಸಿ, ತಮ್ಮದೇ ತೆರಿಗೆ ಎತ್ತಿ ಕೆಲಸ ಮಾಡುತ್ತಿವೆ.

ಆ ಏರಿಗಳ ಹಳೆಯ ಧರ್ಮಶಾಸ್ತ್ರದಲ್ಲಿ ನನ್ನ ಮನಸ್ಸನ್ನು ಬಹುವಾಗಿ ಹಿಡಿದ ಪದ್ಧತಿಯೊಂದಿದೆ. ಏರಿಯ ಇಷ್ಟಿಷ್ಟು ಉದ್ದ ಇಂಥಿಂಥವನ ಪಾಲಿನದೆಂದು ಗೊತ್ತಾಗಿರುತ್ತಿತ್ತು; ತನ್ನ ಪಾಲನ್ನು ದುರಸ್ತಿಯಲ್ಲಿ ಇಟ್ಟುಕೊಳ್ಳಲು ಶಕ್ತಿ ಸಾಲದೆಹೋದ ರೈತನು ತನ್ನ ಸಲಿಕೆಯನ್ನು ಏರಿಯಲ್ಲಿ ನೆಟ್ಟು, ಜಮೀನನ್ನು ಬಿಟ್ಟು ಹೊರಡಬೇಕಾಗಿತ್ತು. ಆ ಸಲಿಕೆಯನ್ನು ಕಿತ್ತುಕೊಂಡವನಿಗೆ ಜಮೀನೂ ಸೇರುತ್ತಿತ್ತು, ಏರಿಯ ಹೊಣೆಯೂ ಸೇರುತ್ತಿತ್ತು. ನಿಯಮ ಕ್ರೂರವಾದುದು, ಒಂದು ಸಂಸಾರ ಬೀದಿಗೆ ಬೀಳುತ್ತಿತ್ತೆಂಬುದನ್ನು ಮರೆಯಲಾಗದು. ಆದರೆ ಅಲ್ಲಿ ಒಬ್ಬನ ಅಸಾಮರ್ಥ್ಯವು ಅವನೊಬ್ಬನಿಗೇ ಸಂಬಂಧಪಟ್ಟುದಾಗಿರಲಿಲ್ಲ. ಸ್ವಾಮ್ಯಕ್ಕಿಂತ ಹೊಣೆಯೇ ಮೊದಲೆಂಬ ಭಾವನೆ ಡಚ್ಚರಿಗೆ ಹೀಗೆ ಒದ್ದೆ ಮಣ್ಣಿನಲ್ಲಿ ಕೈಯಿಟ್ಟು ಕಲಿತ ಪಾಠ.

ಎರಡು ಪ್ರಕೃತಿಗಳ ಮುಖ್ಯ ಭೇದ ಇಲ್ಲಿದೆ. ಪರ್ವತದ ವಿಪತ್ತು ಕಣಿವೆ ಕಣಿವೆಗೂ ಬೇರೆ: ಹಿಮದ ರಾಶಿ ಕುಸಿದು ಒಂದು ಹಳ್ಳಿಯನ್ನು ಮುಚ್ಚಿದ ದಿನವೇ ಬೆಟ್ಟದ ಆಚೆ ಮಗ್ಗುಲಿನ ಹಳ್ಳಿಯವರು ನಿಶ್ಚಿಂತರಾಗಿ ಹುಲ್ಲು ಕೊಯ್ಯುತ್ತಿರಬಹುದು. ಸಮುದ್ರದ ವಿಪತ್ತಾದರೋ ಎಲ್ಲರ ಮೇಲೂ ಒಂದೇ ರಾತ್ರಿಯಲ್ಲಿ ಎರಗುತ್ತದೆ. ಆದುದರಿಂದ ಮೊದಲನೆಯ ದೇಶ, ಕಣಿವೆಗೆ ತಿಳಿದಷ್ಟು ಕೇಂದ್ರಕ್ಕೆ ತಿಳಿಯದೆಂಬ ತತ್ತ್ವದ ಮೇಲೆ ಒಕ್ಕೂಟವನ್ನು ಕಟ್ಟಿತು. ಎರಡನೆಯದು ತನ್ನ ಹಳೆಯ ಮಂಡಳಿಗಳನ್ನು ಬಿಡದೆಯೇ ಕೊನೆಗೆ ಏಕಘಟಕ ರಾಜ್ಯವಾಗಿ ಕೂಡಿಕೊಂಡಿತು. ಭೂಗೋಳವೇ ರಾಜ್ಯಾಂಗವನ್ನು ಬರೆಯುತ್ತದೆಂದು ನಾನು ಹೇಳುತ್ತಿಲ್ಲ. ಪರ್ವತಮಯವಾದ ನಾರ್ವೆ ಒಕ್ಕೂಟವಾಗಿಲ್ಲ, ಬಹುಮಟ್ಟಿಗೆ ಬಯಲಾದ ಬೆಲ್ಜಿಯಂ ಒಕ್ಕೂಟವಾಗಿದೆ. ಭೂಗೋಳ ಪ್ರಶ್ನೆಯನ್ನು ಒಡ್ಡುತ್ತದೆ. ಉತ್ತರ ಕೊಡುವುದು ಮನುಷ್ಯರು, ಆ ಉತ್ತರಕ್ಕೆ ಹಿಡಿಯುವುದು ಶತಮಾನಗಳು.

ಆ ಶತಮಾನಗಳಲ್ಲಿ ಈ ದೇಶಗಳ ಚರಿತ್ರೆ ಮತ್ತೆ ಮತ್ತೆ ಒಂದೇ ಗಳಿಗೆಯಲ್ಲಿ ತಿರುಗಿದೆ. 1648ರಲ್ಲಿ ಎರಡರ ಸ್ವಾತಂತ್ರ್ಯಕ್ಕೂ ಮನ್ನಣೆ ಬಂದಿತು: ಸ್ವಿಸ್ಸರು ಸಾಮ್ರಾಜ್ಯದ ಬಂಧನದಿಂದ ಬಿಡುಗಡೆಯಾದರು, ಡಚ್ಚರು ಸ್ಪೇನಿನೊಡನೆ ಎಂಬತ್ತು ವರ್ಷಗಳ ಯುದ್ಧವನ್ನು ಮುಗಿಸಿದರು. ಆ ಯುದ್ಧದಲ್ಲಿ ಡಚ್ಚರು ಶತ್ರುವಾದ ನೀರನ್ನೇ ಮಿತ್ರನನ್ನಾಗಿ ಮಾಡಿಕೊಂಡ ಪ್ರಸಂಗ ಲೋಕವಿಖ್ಯಾತವಾದುದು. 1574ರಲ್ಲಿ ಲೈಡನ್ ನಗರ ಮುತ್ತಿಗೆಯಲ್ಲಿ ಸಿಕ್ಕಿ ಹಸಿವಿನಿಂದ ಸಾಯುತ್ತಿದ್ದಾಗ, ತಲೆತಲಾಂತರದಿಂದ ಕಾಪಾಡಿಕೊಂಡು ಬಂದಿದ್ದ ಏರಿಗಳನ್ನು ತಾವೇ ಕಡಿದು, ಹೊಲಗಳ ಮೇಲೆ ದೋಣಿ ನಡೆಸಿ ಅದನ್ನು ಬಿಡಿಸಿಕೊಂಡರು. ಮರುವರ್ಷ ಆ ನಗರದಲ್ಲಿ ವಿಶ್ವವಿದ್ಯಾನಿಲಯ ತಲೆಯೆತ್ತಿತು. 1581ರಲ್ಲಿ, ಪ್ರಜೆಗಳನ್ನು ಪೀಡಿಸುವ ರಾಜನು ರಾಜನಾಗಿ ಉಳಿಯಲಾರನೆಂದು ಘೋಷಿಸಿ ಸ್ಪೇನಿನ ದೊರೆಯನ್ನು ತ್ಯಜಿಸಿದ ಈ ಜನ, ಮುಂದೆ ಇನ್ನೂರು ವರ್ಷಗಳ ಕಾಲ ಏಳು ಪ್ರಾಂತಗಳ ಗಣರಾಜ್ಯವಾಗಿ ಬಾಳಿದರು.

ಈ ಗಣರಾಜ್ಯ ಮುಂದೆ ರಾಜತ್ವವಾದುದು ಏತಕ್ಕೆ? ಡಚ್ಚರ ಯುದ್ಧಕ್ಕೆ ಸೇನಾನಿ ಬೇಕಾಗಿತ್ತು, ಅವನು ಆರೆಂಜ್ ಮನೆತನದಲ್ಲಿ ದೊರೆತನು. 1584ರಲ್ಲಿ ಆ ಸೇನಾನಿ ವಿಲಿಯಮನು ಕೊಲೆಯಾದ ಮೇಲೆ ಆ ಮನೆತನದ ಮೇಲೆ ಜನರಿಗೆ ಇದ್ದ ಕೃತಜ್ಞತೆ ಭಕ್ತಿಯಾಗಿ ಬೆಳೆಯಿತು. ಆಪತ್ತು ಬಂದಾಗಲೆಲ್ಲ ಆ ವಂಶದವರನ್ನು ಕರೆಯುವುದು, ಆಪತ್ತು ಕಳೆದ ಮೇಲೆ ಅವರ ಅಧಿಕಾರಕ್ಕೆ ಅಂಜುವುದು, ಹೀಗೆ ಎರಡು ಶತಮಾನ ಕಳೆದವು. ಸ್ವಿಸ್ ಕಣಿವೆಗಳಿಗೆ ಅಂಥ ಸರ್ವಮಾನ್ಯ ಮನೆತನ ಒದಗಲೇ ಇಲ್ಲ. 1795ರಲ್ಲಿ ಡಚ್ಚರ ಮೇಲೂ 1798ರಲ್ಲಿ ಸ್ವಿಸ್ಸರ ಮೇಲೂ ಫ್ರೆಂಚ್ ಸೈನ್ಯ ಬಂದು, ಎರಡು ಕಡೆಯೂ ಹಳೆಯ ಪ್ರಾಂತಗಳನ್ನು ಅಳಿಸಿ ಒಂದೇ ಅಖಂಡ ಗಣರಾಜ್ಯವನ್ನು ಹೇರಿತು. ಡಚ್ಚರಲ್ಲಿ ಆ ಏಕತೆ ನಿಂತಿತು. 1815ರ ಹೊತ್ತಿಗೆ ಅದರ ಶಿರಸ್ಸಿನಲ್ಲಿ ಆರೆಂಜ್ ರಾಜನಿದ್ದನು. ಸ್ವಿಸ್ಸರಲ್ಲಿ ಅದು ಐದು ವರ್ಷ ಬಾಳಲಿಲ್ಲ. 1803ರಲ್ಲಿ ನೆಪೋಲಿಯನ್ನನೇ ಕ್ಯಾಂಟನ್ನುಗಳೆಂಬ ಹಳೆಯ ಪ್ರಾಂತಗಳನ್ನು ಮರಳಿ ಕೊಡಬೇಕಾಯಿತು.

ಇಲ್ಲಿ ನಮ್ಮ ನಾಡಿಗೆ ಸಂಬಂಧಿಸಿದ ಒಂದು ಮಾತನ್ನು ಹೇಳದೆ ಮುಂದೆ ಹೋಗಲಾರೆ. 1781ರಲ್ಲಿ ಡಿ ಮ್ಯೂರಾನ್ ಎಂಬ ಪ್ರಭುವು ಸ್ವಿಸ್ ಸೈನಿಕರ ದಂಡೊಂದನ್ನು ಕೂಡಿಸಿ ಡಚ್ ಈಸ್ಟ್ ಇಂಡಿಯಾ ಕಂಪೆನಿಗೆ ಬಾಡಿಗೆಗೆ ಕೊಟ್ಟನು. ಅದು ಸಿಂಹಳದಲ್ಲಿದ್ದಾಗ, 1795ರಲ್ಲಿ, ಇಂಗ್ಲಿಷರ ಊಳಿಗಕ್ಕೆ ಬದಲಾಯಿತು. 1799ರಲ್ಲಿ ಶ್ರೀರಂಗಪಟ್ಟಣದ ಮುತ್ತಿಗೆಯಲ್ಲಿ ಟಿಪ್ಪುವಿನ ವಿರುದ್ಧ ಹೋರಾಡಿತು. ಕಾವೇರಿಯ ದಡದ ದಂಡಿನ ಸ್ಮಶಾನದಲ್ಲಿ ಆ ದಂಡಿನವರ ಗೋರಿಗಳನ್ನು ಇಂದೂ ಕಾಣಬಹುದು. ಸ್ವಂತ ಕಣಿವೆಯಲ್ಲಿ ಹೊರಗಿನ ನ್ಯಾಯಾಧೀಶನನ್ನೂ ಸಹಿಸದ ಜನ ಹೊಟ್ಟೆಪಾಡಿಗಾಗಿ ಪರರ ಸಾಮ್ರಾಜ್ಯಗಳಿಗೆ ತಮ್ಮ ಮಕ್ಕಳನ್ನು ಮಾರಿದರು. ಸ್ವಂತ ರಾಜನನ್ನು ತ್ಯಜಿಸಿದ ಜನ 1621ರಲ್ಲಿ ಬಾಂಡಾ ದ್ವೀಪಗಳಲ್ಲಿ ಜಾಯಿಕಾಯಿಯ ಏಕಸ್ವಾಮ್ಯಕ್ಕಾಗಿ ಅಲ್ಲಿಯ ಮೂಲನಿವಾಸಿಗಳನ್ನು ಬಹುತೇಕ ನಿರ್ಮೂಲ ಮಾಡಿದರು. ಗುಲಾಮರ ವ್ಯಾಪಾರದಲ್ಲಿ ಡಚ್ ರಾಜ್ಯಕ್ಕಿದ್ದ ಪಾಲಿಗಾಗಿ ಅದರ ದೊರೆ ಕ್ಷಮೆ ಬೇಡಿದುದು 2023ರಲ್ಲಿ. ಬಾಸೆಲ್ ನಗರದಿಂದ ನಮಗೆ ಬಂದುದು ಇನ್ನೊಂದು ಬಗೆಯ ಕಾಣಿಕೆ: 1834ರಲ್ಲಿ ಮಂಗಳೂರಿಗೆ ಬಂದ ಬಾಸೆಲ್ ಮಿಷನ್ನಿನವರಿಂದಲೇ 1843ರಲ್ಲಿ ಕನ್ನಡದ ಮೊದಲ ಪತ್ರಿಕೆ ಹೊರಟಿತು, 1894ರಲ್ಲಿ ಕಿಟ್ಟೆಲ್ಲರ ಮಹಾನಿಘಂಟು ಅಚ್ಚಾಯಿತು.

ಎರಡು ದೇಶಗಳ ಆಧುನಿಕ ರಾಜ್ಯಾಂಗಗಳೂ 1848ರವು. ಸ್ವಿಟ್ಜರ್ಲೆಂಡಿನಲ್ಲಿ ಅದಕ್ಕೆ ಅಂತರ್ಯುದ್ಧವೇ ಬೇಕಾಯಿತು. 1847ರ ನವೆಂಬರಿನಲ್ಲಿ, ಪ್ರತ್ಯೇಕ ಕೂಟ ಕಟ್ಟಿಕೊಂಡಿದ್ದ ಏಳು ಕ್ಯಾಥೊಲಿಕ್ ಕ್ಯಾಂಟನ್ನುಗಳು ಎದುರು ನಿಂತಾಗ, ಒಕ್ಕೂಟದ ಸೇನಾಪತಿ ದುಫೂರ್ ಎಂಬಾತನು ಗಾಯಾಳುಗಳನ್ನೂ ಸೆರೆಸಿಕ್ಕವರನ್ನೂ ದಯೆಯಿಂದ ಕಾಣಬೇಕೆಂದು ತನ್ನ ಸೈನಿಕರಿಗೆ ಕಟ್ಟಾಜ್ಞೆ ಮಾಡಿ, ಒಂದು ತಿಂಗಳೊಳಗೆ ಯುದ್ಧವನ್ನು ಮುಗಿಸಿದನು. ಸತ್ತವರು ನೂರರ ಆಸುಪಾಸು. ಗೆದ್ದವರು ಸೋತವರನ್ನು ತುಳಿಯದೆ ಸಮಾನ ಪಾಲುದಾರರನ್ನಾಗಿ ಮಾಡಿಕೊಂಡು ಮರುವರ್ಷ ರಾಜ್ಯಾಂಗವನ್ನು ರಚಿಸಿದರು. ಹದಿನೈದು ವರ್ಷಗಳ ಬಳಿಕ ರೆಡ್‌ಕ್ರಾಸ್ ಸಂಸ್ಥೆಯ ಸ್ಥಾಪಕರಲ್ಲಿ ಒಬ್ಬನಾದವನೂ ಇದೇ ದುಫೂರ್. ದೇಶದ ಅತ್ಯುನ್ನತ ಶಿಖರಕ್ಕೆ ಸ್ವಿಸ್ಸರು ಅವನ ಹೆಸರನ್ನಿಟ್ಟಿದ್ದಾರೆ. ಆ ಗೌರವಕ್ಕೆ ಇವನಿಗಿಂತ ಅರ್ಹನಾದ ಸೇನಾನಿ ಸಿಕ್ಕುವುದು ಕಷ್ಟ. ನೆದರ್ಲೆಂಡ್ಸಿನಲ್ಲಿ ರಕ್ತಪಾತ ನಡೆಯಲಿಲ್ಲ. ಆ ವರ್ಷ ಯೂರೋಪಿನ ಸಿಂಹಾಸನಗಳೆಲ್ಲ ಅಲುಗುತ್ತಿದ್ದುದನ್ನು ಕಂಡ ಎರಡನೆಯ ವಿಲಿಯಮ್ ರಾಜನು ತಾನಾಗಿಯೇ ಸಮ್ಮತಿಸಿದನು; ತೋರ್ಬೆಕೆ ಎಂಬ ವಿದ್ವಾಂಸನು ರಚಿಸಿದ ತಿದ್ದುಪಡಿಯಿಂದ ಮಂತ್ರಿಗಳು ಸಂಸತ್ತಿಗೆ ಹೊಣೆಗಾರರಾದರು.

ಸ್ವಿಸ್ ಸರ್ಕಾರದಲ್ಲಿ ಪ್ರಧಾನಮಂತ್ರಿಯಿಲ್ಲ. ಸಂಸತ್ತು ನಾಲ್ಕು ವರ್ಷಕ್ಕೆ ಆರಿಸುವ ಏಳು ಜನರ ಮಂಡಲಿಯೇ ಸರ್ಕಾರ; ಅಧ್ಯಕ್ಷಪದವಿ ವರ್ಷಕ್ಕೊಬ್ಬರಂತೆ ಸರದಿಯ ಮೇಲೆ ಹೋಗುತ್ತದೆ. ಸಂಸತ್ತು ಮಾಡಿದ ಕಾನೂನಿನ ವಿರುದ್ಧ 100 ದಿನಗಳಲ್ಲಿ 50,000 ಮತದಾರರು ರುಜು ಹಾಕಿದರೆ ಅದು ಜನಮತಕ್ಕೆ ಹೋಗಲೇಬೇಕು; 18 ತಿಂಗಳಲ್ಲಿ ಒಂದು ಲಕ್ಷ ರುಜು ಕೂಡಿದರೆ ರಾಜ್ಯಾಂಗದ ತಿದ್ದುಪಡಿಯನ್ನೇ ಜನ ಸೂಚಿಸಬಹುದು. ಗ್ಲಾರುಸ್ ಎಂಬ ಕ್ಯಾಂಟನ್ನಿನಲ್ಲಿ ಮೇ ತಿಂಗಳ ಮೊದಲನೆಯ ಭಾನುವಾರ ಮತದಾರರೆಲ್ಲ ಬಯಲಿನಲ್ಲಿ ನೆರೆದು, ಕೈಯೆತ್ತಿ ಕಾನೂನು ಮಾಡುವ ಪದ್ಧತಿ ಈಗಲೂ ಉಂಟು. ಅಲ್ಲಿ ಕೈಗಳನ್ನು ಎಣಿಸುವುದಿಲ್ಲ; ಅಧ್ಯಕ್ಷನು ಕಣ್ಣಳತೆಯಲ್ಲಿ ನೋಡಿ ಬಹುಮತವನ್ನು ಸಾರುತ್ತಾನೆ. 2007ರಲ್ಲಿ ಹದಿನಾರು ವರ್ಷದವರಿಗೂ ಮತವಿರಲೆಂದು ತೀರ್ಮಾನಿಸಿದ್ದು ಇಂಥ ಬಯಲಿನ ಸಭೆಯೇ. ಆದರೆ ಎಲ್ಲಕ್ಕೂ ಜನರನ್ನೇ ಕೇಳುವ ಈ ದೇಶ ತನ್ನ ಹೆಣ್ಣುಮಕ್ಕಳ ವಿಷಯದಲ್ಲಿ ಬಹುಕಾಲ ಗಂಡಸರನ್ನು ಮಾತ್ರ ಕೇಳಿತು. 1959ರಲ್ಲಿ ಗಂಡಸರು ಸ್ತ್ರೀಮತಾಧಿಕಾರವನ್ನು ತಿರಸ್ಕರಿಸಿದರು. ಅದು ಬಂದುದು 1971ರಲ್ಲಿ. ಆಪ್ಪೆನ್‌ಟ್ಸೆಲ್ಲಿನ ಒಂದು ಅರೆ-ಕ್ಯಾಂಟನ್ನು ಆಗಲೂ ತನ್ನ ಸಭೆಯಲ್ಲಿ ಹೆಂಗಸರಿಗೆ ಎಡೆಗೊಡಲಿಲ್ಲ. 1990ರಲ್ಲಿ ಒಕ್ಕೂಟದ ನ್ಯಾಯಾಲಯ ಆಜ್ಞೆ ಮಾಡಬೇಕಾಯಿತು. ನೇರ ಪ್ರಜಾಪ್ರಭುತ್ವವನ್ನು ಹೊಗಳುವವರೆಲ್ಲರೂ ಈ ಅಧ್ಯಾಯವನ್ನು ತಪ್ಪದೆ ಓದಬೇಕು. ನೆದರ್ಲೆಂಡ್ಸಿನ ಮಹಿಳೆಯರಿಗೆ ಮತಾಧಿಕಾರ 1919ರಲ್ಲಿಯೇ ಲಭಿಸಿತ್ತು.

ಡಚ್ಚರ ಮಾರ್ಗ ಬೇರೆ. ಅಲ್ಲಿ ರಾಜನುಂಟು, ಪ್ರಧಾನಿಯುಂಟು. ಊರಿನ ನಗರಾಧ್ಯಕ್ಷನನ್ನೂ ಜನ ಆರಿಸುವುದಿಲ್ಲ, ಸರ್ಕಾರ ನೇಮಿಸುತ್ತದೆ. ಎರಡನೆಯ ಸದನವೆನ್ನುವ 150 ಸ್ಥಾನಗಳ ಕೆಳಮನೆಗೆ ಇಡೀ ದೇಶವೇ ಒಂದು ಕ್ಷೇತ್ರವೆಂಬಂತೆ ಮತಗಳನ್ನು ಹಂಚುವುದರಿಂದ, ನೂರೈವತ್ತರಲ್ಲಿ ಒಂದು ಪಾಲು ಮತ ಪಡೆದ ಪಕ್ಷಕ್ಕೂ ಸ್ಥಾನ ದೊರೆಯುತ್ತದೆ. ಯಾವ ಪಕ್ಷಕ್ಕೂ ಬಹುಮತ ಬಾರದೆ, ಮಂತ್ರಿಮಂಡಲ ಕಟ್ಟುವುದಕ್ಕೆ ತಿಂಗಳುಗಟ್ಟಲೆ ಮಾತುಕತೆ ನಡೆಯುತ್ತದೆ. 2021ರ ಚುನಾವಣೆಯ ಅನಂತರ 299 ದಿನ ಹಿಡಿಯಿತು. ಜನಮತಗಣನೆಗೆ 2015ರಲ್ಲಿ ಒಂದು ಕಾನೂನನ್ನು ಜಾರಿಗೆ ತಂದು 2018ರಲ್ಲಿ ಅದನ್ನು ತೆಗೆದುಹಾಕಿದರು. ಸ್ವಿಸ್ಸನು ತೀರ್ಪನ್ನು ಮತಪೆಟ್ಟಿಗೆಯಲ್ಲಿ ಹುಡುಕಿದರೆ ಡಚ್ಚನು ಮಾತುಕತೆಯ ಮೇಜಿನ ಸುತ್ತ ಹುಡುಕುತ್ತಾನೆ.

ಕೇಂದ್ರದ ಶಕ್ತಿ ಡಚ್ಚರಿಗೆ ಏಕೆ ಬೇಕಾಯಿತೆಂಬುದನ್ನು 1953ರ ಜನವರಿ 31ರ ರಾತ್ರಿ ಬಲ್ಲದು. ಬಿರುಗಾಳಿಯೂ ಹುಣ್ಣಿಮೆಯ ಭರತವೂ ಕೂಡಿ ಜೀಲೆಂಡ್ ಪ್ರಾಂತದ ಏರಿಗಳನ್ನು ಒಡೆದವು. 1,836 ಜನ ಜಲಸಮಾಧಿಯಾದರು. ಅದೇ ರಾತ್ರಿ, ನ್ಯೂವರ್‌ಕೆರ್ಕ್ ಎಂಬ ಊರಿನ ಬಳಿ ಲಕ್ಷಾಂತರ ಜನರನ್ನು ಕಾಯುತ್ತಿದ್ದ ಏರಿ ಬಾಯಿಬಿಟ್ಟಾಗ, ಅಲ್ಲಿಯ ನಗರಾಧ್ಯಕ್ಷನ ಆಜ್ಞೆಯಂತೆ ನಾವಿಕನೊಬ್ಬನು ‘ಇಬ್ಬರು ಸೋದರರು’ ಎಂಬ ತನ್ನ ಸರಕಿನ ನಾವೆಯನ್ನೇ ಆ ಬಿರುಕಿಗೆ ಅಡ್ಡಲಾಗಿ ನಡೆಸಿ ತಂದು ಸಿಕ್ಕಿಸಿದನು. ನಾವೆ ಕದದಂತೆ ಕೂತುಕೊಂಡಿತು, ನಾಡು ಉಳಿಯಿತು. ಮುಂದೆ ಸರ್ಕಾರ ಕೈಗೊಂಡ ಡೆಲ್ಟಾ ಯೋಜನೆ ಮುಗಿಯಲು ನಾಲ್ಕು ದಶಕಗಳಿಗಿಂತ ಹೆಚ್ಚು ಕಾಲ ಹಿಡಿಯಿತು. ಅದರಲ್ಲಿ ಪೂರ್ವ ಷೆಲ್ಟ್ ಅಳಿವೆಯನ್ನು ಪೂರ್ಣವಾಗಿ ಮುಚ್ಚುವುದೆಂದು ಮೊದಲು ನಿರ್ಧರಿಸಿದ್ದರು. ಚಿಪ್ಪುಮೀನು ಹಿಡಿಯುವವರೂ ನಿಸರ್ಗಪ್ರೇಮಿಗಳೂ ಹಠ ಹಿಡಿದುದರಿಂದ, ಬಿರುಗಾಳಿಯ ದಿನ ಮಾತ್ರ ಇಳಿಯುವ 62 ಉಕ್ಕಿನ ಬಾಗಿಲುಗಳ ತಡೆಯನ್ನು ಕಟ್ಟಿ 1986ರಲ್ಲಿ ಮುಗಿಸಿದರು. ಏರಿಯ ನೆರಳಿನಲ್ಲಿ ಬೆಳೆದ ಜನರ ರಾಜಿಯ ಗುಣಕ್ಕೆ ಇದಕ್ಕಿಂತ ಉತ್ತಮವಾದ ಸ್ಮಾರಕ ಬೇಡ.

ಅದೇ 1986ರ ನವೆಂಬರ್ 1ರಂದು ಬಾಸೆಲ್ ಸಮೀಪದ ರಾಸಾಯನಿಕ ಉಗ್ರಾಣವೊಂದಕ್ಕೆ ಬೆಂಕಿ ಬಿತ್ತು. ಆರಿಸಲು ಸುರಿದ ನೀರು ವಿಷವನ್ನು ಹೊತ್ತು ರೈನ್ ಸೇರಿತು. ಹೊಳೆ ಕೆಂಪಾಗಿ ಹರಿಯಿತು, ಹಾವುಮೀನುಗಳು ರಾಶಿರಾಶಿಯಾಗಿ ಸತ್ತವು, ಕೆಳಗೆ ನೂರಾರು ಕಿಲೋಮೀಟರು ದೂರದ ನೆದರ್ಲೆಂಡ್ಸಿನಲ್ಲಿ ಕುಡಿಯುವ ನೀರಿಗಾಗಿ ನದಿಗೆ ಇಟ್ಟಿದ್ದ ತೂಬುಗಳನ್ನು ಮುಚ್ಚಬೇಕಾಯಿತು. ಮೂಲದವನ ಅಜಾಗ್ರತೆ ಮುಖದವನ ಬಾಯಿಗೆ ಬರುತ್ತದೆಂಬುದು ಅಂದು ಪ್ರತ್ಯಕ್ಷವಾಯಿತು. ಆ ಮೇಲೆ ನದಿತೀರದ ರಾಷ್ಟ್ರಗಳು ಒಟ್ಟಾಗಿ ದುಡಿದು ಹೊಳೆಯನ್ನು ಬಹುಮಟ್ಟಿಗೆ ಶುದ್ಧಗೊಳಿಸಿದುವು.

ಜಗತ್ತು ಬಿಸಿಯಾಗುತ್ತ ಇಂದು ಒದಗಿರುವ ವಿಪತ್ತು ಕಣಿವೆಗೊಂದು, ಕಡಲಿಗೊಂದು ಎಂದು ಬೇರ್ಪಡಿಸಲಾಗದಂಥದು. 2025ರ ಮೇ 28ರಂದು ವಾಲೇ ಪ್ರಾಂತದ ಬ್ಲಾಟನ್ ಎಂಬ ಹಳ್ಳಿಯ ಮೇಲೆ ಹಿಮನದಿ ಬಂಡೆಗಳೊಡನೆ ಕುಸಿದು ಬಿದ್ದು ಅದರ ಬಹುಭಾಗವನ್ನು ಹೂತುಹಾಕಿತು; ಸುಮಾರು ಮುನ್ನೂರು ನಿವಾಸಿಗಳನ್ನು ಮುಂಚಿತವಾಗಿ ಸಾಗಿಸಿದ್ದುದರಿಂದ ಅವರ ಜೀವಗಳು ಉಳಿದವು. ಹಿಮನದಿಗಳು ಕರಗಿಹೋದರೆ ಬೇಸಗೆಯಲ್ಲಿ ರೈನ್ ಬಡವಾಗುತ್ತದೆ. ಜಗತ್ತಿನ ನೆಲದ ಮೇಲಿನ ಹಿಮ ಕರಗಿ ಕಡಲನ್ನು ಎತ್ತರಿಸುತ್ತದೆ. ಈ ಪ್ರಶ್ನೆಗೆ ಎರಡು ದೇಶಗಳೂ ತಮ್ಮ ತಮ್ಮ ಹಳೆಯ ಸ್ವಭಾವಕ್ಕೆ ತಕ್ಕ ಉತ್ತರ ಕೊಡುತ್ತಿವೆ. ಸ್ವಿಸ್ ಮತದಾರರು 2021ರಲ್ಲಿ ಇಂಗಾಲವನ್ನು ತಗ್ಗಿಸುವ ಕಾನೂನನ್ನು ಅಲ್ಪಾಂತರದಿಂದ ತಳ್ಳಿಹಾಕಿ, 2023ರಲ್ಲಿ, 2050ರ ಗುರಿಯಿಟ್ಟ ಇನ್ನೊಂದು ಕಾನೂನನ್ನು ಒಪ್ಪಿದರು. ನೆದರ್ಲೆಂಡ್ಸಿನಲ್ಲಿ ಆ ನಿರ್ಣಯ ನ್ಯಾಯಾಲಯದಿಂದ ಬಂದಿತು: ಸಂಸತ್ತಿನ ಶಾಸನವನ್ನು ರಾಜ್ಯಾಂಗದ ಒರೆಗೆ ಹಚ್ಚುವ ಅಧಿಕಾರವೇ ಇಲ್ಲದ ಡಚ್ ನ್ಯಾಯಾಧೀಶರು, ಮಾನವ ಹಕ್ಕುಗಳ ಒಡಂಬಡಿಕೆಯನ್ನು ಆಧಾರವಾಗಿ ಹಿಡಿದು, 1990ರ ಮಟ್ಟಕ್ಕಿಂತ ಕಾಲುಭಾಗದಷ್ಟು ಹೊಗೆಯನ್ನು 2020ರೊಳಗೆ ಇಳಿಸತಕ್ಕದ್ದೆಂದು 2019ರ ಡಿಸೆಂಬರಿನಲ್ಲಿ ತಮ್ಮ ಸರ್ಕಾರವನ್ನೇ ಕಟ್ಟಿಹಾಕಿದರು. 2024ರಲ್ಲಿ ಸ್ಟ್ರಾಸ್‌ಬರ್ಗಿನ ಯೂರೋಪಿಯನ್ ನ್ಯಾಯಾಲಯ ಅದೇ ಒಡಂಬಡಿಕೆಯ ಮೇರೆಗೆ ಸ್ವಿಟ್ಜರ್ಲೆಂಡ್ ತಪ್ಪಿತಸ್ಥನೆಂದು ತೀರ್ಪಿತ್ತಿತು. ದಾವೆ ಹೂಡಿದ್ದವರು ವೃದ್ಧೆಯರ ಒಂದು ಸಂಘದವರು. ಅವರಲ್ಲಿ ಅನೇಕರು ತಮ್ಮ ಯೌವನದಲ್ಲಿ ಮತದ ಹಕ್ಕಿಲ್ಲದೆ ಬಾಳಿದವರು.